ಎಣಿಕೆ ಮುಗಿದ ಮೇಲೆ ಗುಳಿಗೆ: ಲೆಸೊಥೊದ ಕುರಿಗಾಹಿ ಹುಡುಗರ ಜೊತೆ ನನ್ನ ಅನುಭವ

ಕಳೆದ ತಿಂಗಳ ಜಿಲ್ಲಾ ಸಭೆಯಲ್ಲಿ ನಮ್ಮ ವೈರಲ್ ಲೋಡ್ ಪಟ್ಟಿ, ಅಂದರೆ ಯಾರ ರಕ್ತದಲ್ಲಿ ಎಚ್‌ಐವಿ ವೈರಸ್ ಎಷ್ಟಿದೆ ಅನ್ನುವ ಲೆಕ್ಕ, ಓದಿದರು. ಬೆಟ್ಟದ ಮೇಲಿನ ಕುರಿಗಾಹಿ ಹುಡುಗರು 63 ಜನ. ಅದರಲ್ಲಿ 54 ಜನರದು ಹತೋಟಿಯಲ್ಲಿ. ಓದಿದವರು ಕನ್ನಡಕ ಒರೆಸಿಕೊಂಡು ಇನ್ನೊಂದು ಸಲ ಓದಿದರು. ಐದು ವರ್ಷದ ಹಿಂದೆ ಇದೇ ಸಭೆಯಲ್ಲಿ "ಓದು ಬರಹ ಬಾರದ ಹುಡುಗರ ಕೈಗೆ ಔಷಧಿ ಚೀಲ ಕೊಡ್ತೀರಾ?" ಅಂತ ಕೇಳಿ ನಕ್ಕಿದ್ದರು. ಯಾರು ಅಂತ ಹೇಳಲ್ಲ. ಈಗ ಅವರೇ ಟೀ ಕೊಡಿಸುತ್ತಾರೆ.

ಊರಲ್ಲಿ ಎಚ್‌ಐವಿ ಔಷಧಿ ಕೊಡುವ ಎಆರ್‌ಟಿ ಸೆಂಟರ್‌ಗಳಲ್ಲಿ ಕೆಲಸ ಮಾಡುವ ಹಳೆಯ ಗೆಳೆಯರು, ಹಳ್ಳಿ ಹಳ್ಳಿಗೆ ಹೋಗುವ ಲಿಂಕ್ ವರ್ಕರ್‌ಗಳು ಫೋನ್ ಮಾಡಿದಾಗಲೆಲ್ಲ ಕೇಳುತ್ತಾರೆ, "ಅಲ್ಲಿ ಅದೇನೋ ಮಾಡಿದಿಯಂತಲ್ಲ, ಹೇಗೆ ಮಾಡಿದೆ?" ಅಂತ. ಫೋನಲ್ಲಿ ಹೇಳಿ ಮುಗಿಯುವುದಿಲ್ಲ. ಅದಕ್ಕೇ ಬರೆಯುತ್ತಿದ್ದೇನೆ. ಗುಳಿಗೆ ಯಾಕೆ ತಪ್ಪಿಸಬಾರದು, ವೈರಲ್ ಲೋಡ್ ಅಂದರೇನು ಅನ್ನುವ ಪಾಠ ಇಲ್ಲಿ ಇಲ್ಲ. ನಿಮಗೆ ಅದು ನನಗಿಂತ ಚೆನ್ನಾಗಿ ಗೊತ್ತು. ಲೆಕ್ಕಗಳನ್ನು ನೆನಪಿನಿಂದ ಬರೆಯುತ್ತಿದ್ದೇನೆ. ಅಲ್ಪಸ್ವಲ್ಪ ಆಚೀಚೆ ಇರಬಹುದು.

ನಾನು ಹುನಗುಂದ ಕಡೆಯವನು. ಅಜ್ಜ ಕುರಿ ಕಾಯ್ದವರು. ವರ್ಷದಲ್ಲಿ ಅರ್ಧ ಕಾಲ ಕಂಬಳಿ ಹೆಗಲ ಮೇಲೆ ಹಾಕಿಕೊಂಡು ಕುರಿ ಹಿಂದೆ ಊರೂರು ತಿರುಗಿದವರು. ನಾನು ಓದಿ ಎಚ್‌ಐವಿ ಕೌನ್ಸೆಲರ್ ಆದೆ, ಬಾಗಲಕೋಟೆ ಜಿಲ್ಲೆಯಲ್ಲಿ ಆರು ವರ್ಷ ಕೂತು ಮಾತಾಡಿದೆ. 2014ರಲ್ಲಿ ಹೆಂಡತಿಗೆ ಲೆಸೊಥೊದಲ್ಲಿ ಗಣಿತ ಟೀಚರ್ ಕೆಲಸ ಸಿಕ್ಕಿತು. ನಾನು ಜೊತೆಗೆ ಬಂದೆ. ಎರಡು ವರ್ಷ ಅಡುಗೆ ಮಾಡಿಕೊಂಡು ಸುಮ್ನೆ ಇದ್ದೆ. 2016ರಲ್ಲಿ ಎಚ್‌ಐವಿ ಇರುವ ಮಕ್ಕಳು, ಹರೆಯದವರ ಜೊತೆ ಕೆಲಸ ಮಾಡುವ ಒಂದು ಸಣ್ಣ ಸಂಸ್ಥೆ ಸೇರಿಕೊಂಡೆ. ಆಗ ಹನ್ನೊಂದು ಜನ ಇದ್ದೆವು, ಈಗ ಆರು. ಯಾಕೆ ಅಂತ ಆಮೇಲೆ ಹೇಳುತ್ತೇನೆ.

ಬರೆಯುವುದು ಲೆಸೊಥೊ, ಅಲ್ಲಿಯವರು ಹೇಳುವುದು ಲೆಸೂತು. ಸುತ್ತ ನಾಲ್ಕೂ ಕಡೆ ದಕ್ಷಿಣ ಆಫ್ರಿಕಾ. ಇಡೀ ದೇಶದಲ್ಲಿ 1,000 ಮೀಟರ್‌ಗಿಂತ ತಗ್ಗಿನ ಜಾಗವೇ ಇಲ್ಲ. ನಮ್ಮದು ಮೊಖೊಟ್ಲಾಂಗ್ ಜಿಲ್ಲೆ. ಇನ್ನೂ ಎತ್ತರ. ಆಫ್ರಿಕಾ ಖಂಡದ ದಕ್ಷಿಣ ಭಾಗದಲ್ಲೇ ಎತ್ತರದ ಬೆಟ್ಟ, 3,482 ಮೀಟರ್‌ನ ಥಬಾನಾ ನ್ಟ್ಲೆನ್ಯಾನಾ, ಈ ಜಿಲ್ಲೆಯಲ್ಲೇ ಇದೆ. ಜೂನ್, ಜುಲೈನಲ್ಲಿ ಹಿಮ ಬೀಳುತ್ತದೆ. ಮೊದಲ ಚಳಿಗಾಲಕ್ಕೆ ನಾನು ಮೂರು ಸ್ವೆಟರ್ ಮೇಲೆ ಊರಿಂದ ತಂದ ಕಂಬಳಿ ಹೊದ್ದು ಕ್ಲಿನಿಕ್‌ಗೆ ಹೋದೆ. ಅಲ್ಲಿ ಗಂಡಸರೆಲ್ಲ ಹೊದೆಯುವುದು ಕಂಬಳಿಯನ್ನೇ, ಆದರೆ ಅವರದು ಬಣ್ಣಬಣ್ಣದ್ದು, ಬೆಲೆಯೂ ಜಾಸ್ತಿ. ನನ್ನ ಕರಿ ಕಂಬಳಿ ಮುಟ್ಟಿ ನೋಡಿ ಒಬ್ಬ ಮುದುಕರು "ಇದು ನಿಜವಾದ ಕುರಿಯವನ ಕಂಬಳಿ" ಅಂದರು. ನನಗೆ ಆ ಊರಲ್ಲಿ ಮೊದಲ ಗುರುತಿನ ಚೀಟಿ ಅದೇ.

2020ರ ಸಮೀಕ್ಷೆ ಪ್ರಕಾರ ಈ ದೇಶದ 15 ದಾಟಿದವರಲ್ಲಿ ಶೇ. 22.7 ಜನರಿಗೆ ಎಚ್‌ಐವಿ ಇದೆ. ಬಾಗಲಕೋಟೆಯಲ್ಲಿ ಕೆಲಸ ಮಾಡಿದವನಿಗೂ ಇದು ಮೊದಲು ತಲೆಗೆ ಹೋಗಲಿಲ್ಲ. ಅದೇ ಸಮೀಕ್ಷೆಯಲ್ಲಿ ಒಳ್ಳೆಯ ಸುದ್ದಿಯೂ ಇತ್ತು. ಚಿಕಿತ್ಸೆ ತಗೊಳ್ಳುತ್ತಿದ್ದವರಲ್ಲಿ ಹತ್ತಕ್ಕೆ ಒಂಬತ್ತು ಜನರ ವೈರಸ್ ಹತೋಟಿಯಲ್ಲಿತ್ತು. ನಮ್ಮ ತಲೆನೋವು ಉಳಿದ ಆ ಹತ್ತನೆಯವನು. ನಮ್ಮ ಜಿಲ್ಲೆಯಲ್ಲಿ ಅವನು ಬಹಳ ಸಲ ಕುರಿ ಕಾಯುವ ಹುಡುಗ.

ಬಲಿಸಾನಾ ಅನ್ನುತ್ತಾರೆ ಅವರಿಗೆ. ಹತ್ತು ಹನ್ನೆರಡು ವರ್ಷಕ್ಕೇ ಶಾಲೆ ಬಿಟ್ಟು ಇನ್ನೊಬ್ಬರ ಕುರಿ ಹಿಂದೆ ಹೋದವರು. ಬೇಸಿಗೆಯಲ್ಲಿ ಮೇಲಿನ ಬೆಟ್ಟದ ಮೊತೆಬೋದಲ್ಲಿ ಇರುತ್ತಾರೆ. ಮೊತೆಬೋ ಅಂದರೆ ಒಂದು ಕಲ್ಲಿನ ಗುಡಿಸಲು, ಪಕ್ಕದಲ್ಲಿ ಕಲ್ಲು ಪೇರಿಸಿದ ದಡ್ಡಿ, ಎರಡು ನಾಯಿ. ತಿಂಗಳುಗಟ್ಟಲೆ ಅಲ್ಲೇ. ಕೂಲಿ ವರ್ಷಕ್ಕೆ ಒಂದು ಹಸು ಇಲ್ಲವೇ 12 ಕುರಿ. ಕುರಿ ಕಳೆದರೆ ಅದರಲ್ಲೇ ಮುರಿದುಕೊಳ್ಳುತ್ತಾರೆ. ನಮ್ಮ ಹುಡುಗರಲ್ಲಿ ಜಾಸ್ತಿ ಜನ ಹುಟ್ಟಿನಿಂದಲೇ ವೈರಸ್ ಬಂದವರು. ಅಪ್ಪ ಅಮ್ಮ ಇಬ್ಬರೂ ಇಲ್ಲ, ಅಜ್ಜಿ ಸಾಕಿದ್ದಾರೆ. ಎಷ್ಟೋ ಅಜ್ಜಿಯರು "ಇದು ಎದೆ ರೋಗದ ಗುಳಿಗೆ" ಅಂತ ಹೇಳಿಯೇ ಹದಿನೈದು ವರ್ಷ ನುಂಗಿಸಿದ್ದಾರೆ.

ಈಗ ನನ್ನ ದಡ್ಡತನಗಳು. ಇವನ್ನು ಬಿಟ್ಟು ಮುಂದಿನದ್ದನ್ನು ಮಾತ್ರ ಓದಬೇಡಿ. ಕಾಸು ಸುರಿದಿದ್ದು ಇಲ್ಲೇ.

ಮೊದಲನೆಯದು ಮೊಬೈಲ್ ಮೆಸೇಜ್. ರಾತ್ರಿ ಎಂಟಕ್ಕೆ ಎಲ್ಲರಿಗೂ ನೆನಪಿನ ಮೆಸೇಜ್. 30 ಫೋನ್, ಕರೆನ್ಸಿ, ಸೋಲಾರ್ ಚಾರ್ಜರ್, ಎಲ್ಲ ಸೇರಿ 18,000 ಮಲೋತಿ ಹತ್ತಿರ. ಇಲ್ಲಿಯ ದುಡ್ಡು ಒಂದಾದರೆ ಲೋತಿ, ಹೆಚ್ಚಾದರೆ ಮಲೋತಿ. ಒಂದು ಲೋತಿಗೆ ಆಗ ನಾಲ್ಕೂವರೆ ರೂಪಾಯಿ ಅಂದುಕೊಳ್ಳಿ. ಮೇಲೆ ನೆಟ್‌ವರ್ಕ್ ಇಲ್ಲ ಅಂತ ನನಗೆ ಗೊತ್ತಿತ್ತು. ಗುಡ್ಡದ ತುದಿಗೆ ಹೋದರೆ ಸಿಗುತ್ತದೆ ಅಂತ ಯಾರೋ ಹೇಳಿದ್ದನ್ನು ನಂಬಿದೆ. ರಾತ್ರಿ ಎಂಟಕ್ಕೆ ಹಿಮದಲ್ಲಿ ಗುಡ್ಡದ ತುದಿಗೆ ಯಾರು ಹೋಗುತ್ತಾರೆ? ಮೂರು ತಿಂಗಳಿಗೆ 30 ಫೋನಲ್ಲಿ 7 ಉಳಿದವು.

ಎರಡನೆಯದು ಟೀ ಶರ್ಟ್. ಎಚ್‌ಐವಿ ಗುರುತಿನ ಕೆಂಪು ರಿಬ್ಬನ್ ಇರುವ ಟೀ ಶರ್ಟ್ 100 ಹೊಲಿಸಿದೆವು. ದಾನಿಗಳಿಗೆ ಫೋಟೋ ಬೇಕಿತ್ತು. ಹುಡುಗರು ಫೋಟೋಗೆ ಹಾಕಿಕೊಂಡರು. ಮಾರನೆಯ ವಾರ ಒಂದು ಶರ್ಟ್ ಕುದುರೆ ಒರೆಸುತ್ತಿತ್ತು, ರಿಬ್ಬನ್ ಒಳಗಡೆ ಮಾಡಿ. ಸರಿಯಾಗೇ ಮಾಡಿದರು ಬಿಡಿ.

ಮೂರನೆಯದು ಶಿಬಿರ. ದೊಡ್ಡ ಸಂಸ್ಥೆಗಳು ಶಿಬಿರ ಚೆನ್ನಾಗಿ ಮಾಡುತ್ತವೆ. 2006ರಲ್ಲಿ ಬ್ರಿಟನ್ನಿನ ರಾಜಕುಮಾರ ಹ್ಯಾರಿ ಮತ್ತು ಇಲ್ಲಿಯ ರಾಜಕುಮಾರ ಸೀಯಿಸೋ ಸೇರಿ ಶುರು ಮಾಡಿದ ಸೆಂಟೆಬಾಲೆ ಸಂಸ್ಥೆಗೆ ಥಾಬಾ ಬೋಸಿಯು ಹತ್ತಿರ ಶಿಬಿರಕ್ಕೆಂದೇ ಕಟ್ಟಿದ ಕೇಂದ್ರ ಇದೆ. ಅದನ್ನು ನೋಡಿ ನಾವೂ ಐದು ದಿನದ ಶಿಬಿರ ಇಟ್ಟೆವು. ಶಾಲೆ ಮಕ್ಕಳಿಗೆ ಅದು ಒಗ್ಗುತ್ತದೆ. ಕುರಿ ಹುಡುಗರು 22 ಜನ ಬಂದರು. ಎರಡನೇ ರಾತ್ರಿಗೆ 9 ಜನ ಇದ್ದರು. ಕುರಿ ಬಿಟ್ಟು ಐದು ದಿನ ಬಂದರೆ ಮಾಲೀಕ ಸುಮ್ಮನಿರುತ್ತಾನಾ? ನಮ್ಮಜ್ಜ ನನ್ನ ಅಪ್ಪನ ಮದುವೆಗೇ ಒಂದು ದಿನ ತಡವಾಗಿ ಬಂದವರು, ಕುರಿ ಈಯುತ್ತಿತ್ತು ಅಂತ. ಅಂಥವರ ಮೊಮ್ಮಗನಿಗೆ ಇದು ಹೊಳೆಯಲಿಲ್ಲ ನೋಡಿ.

ನಾಲ್ಕನೆಯದು ಗುಳಿಗೆ ಎಣಿಸುವುದು. ಇದು ಇವತ್ತಿಗೂ ಹೊಟ್ಟೆ ಹಿಂಡುತ್ತದೆ. ಒಬ್ಬ ಹುಡುಗ, ಹದಿನೇಳು ವರ್ಷ, ತೆಳ್ಳಗೆ ಉದ್ದಕ್ಕೆ ಇದ್ದ. ಪ್ರತಿ ಸಲ ಡಬ್ಬಿ ತಂದು ತೋರಿಸಿದರೆ ಲೆಕ್ಕ ಚೊಕ್ಕ. ಒಂದೂ ಹೆಚ್ಚಿಲ್ಲ, ಒಂದೂ ಕಡಿಮೆಯಿಲ್ಲ. ಬೇರೆಯವರಿಗೆ ಅವನನ್ನೇ ಮಾದರಿ ಅಂತ ತೋರಿಸುತ್ತಿದ್ದೆ. ವೈರಲ್ ಲೋಡ್ ಬಂದಾಗ 80,000 ಚಿಲ್ಲರೆ, ಹತೋಟಿ ಪೂರ್ತಿ ತಪ್ಪಿತ್ತು. ಲ್ಯಾಬ್ ತಪ್ಪಿರಬೇಕು ಅಂತ ಇನ್ನೊಂದು ಸ್ಯಾಂಪಲ್ ಕಳಿಸಿದೆ. ಅಲ್ಲಿಗೆ ಎರಡು ತಿಂಗಳು ಹೋಯಿತು. ಅವನಿಗೆ ಟಿಬಿ ಬಂತು. ಆಸ್ಪತ್ರೆಗೆ ಸೇರಿಸಿದ ಹನ್ನೊಂದನೇ ದಿನ ತೀರಿಕೊಂಡ. ಅವನ ಸಾಮಾನು ತರಲು ಮೊತೆಬೋಗೆ ಹೋಗಿದ್ದೆ. ದಡ್ಡಿಯ ಗೋಡೆಯಲ್ಲಿ, ನಾಯಿ ಮಲಗುವ ಜಾಗದ ಮೇಲೆ, ಎರಡು ಕಲ್ಲಿನ ಸಂದಿಯಲ್ಲಿ ಏನೋ ಬೆಳ್ಳಗೆ ಕಂಡಿತು. ಕಡ್ಡಿ ಹಾಕಿ ಎಳೆದೆ. ಗುಳಿಗೆಗಳು. ಮಳೆಗೆ ನೆನೆದು ಒಂದಕ್ಕೊಂದು ಅಂಟಿಕೊಂಡಿದ್ದವು. ಎಪ್ಪತ್ತೋ ಎಂಬತ್ತೋ ಇರಬೇಕು, ಪೂರ್ತಿ ಎಣಿಸಲು ಆಗಲಿಲ್ಲ. ದಿನಕ್ಕೊಂದರಂತೆ ತಪ್ಪದೆ ತೆಗೆದು ತಪ್ಪದೆ ಅಲ್ಲಿ ಇಟ್ಟಿದ್ದ. ಲೆಕ್ಕ ಕೇಳುವ ನನ್ನನ್ನು ಸಮಾಧಾನ ಮಾಡಲು.

ಅವತ್ತಿನಿಂದ ನಾನು ಗುಳಿಗೆ ಎಣಿಸಿಲ್ಲ.

ಯಾಕೆ ನುಂಗುತ್ತಿರಲಿಲ್ಲ ಅಂತ ಅವನ ಜೊತೆಗಿದ್ದ ಹುಡುಗ ಹೇಳಿದ. ಆಗ ಕೊಡುತ್ತಿದ್ದದ್ದು ಎಫಾವಿರೆನ್ಜ್ ಇರುವ ಗುಳಿಗೆ. ರಾತ್ರಿ ನುಂಗಬೇಕು, ತಲೆ ಸುತ್ತುತ್ತದೆ, ಕೆಟ್ಟ ಕನಸು ಬೀಳುತ್ತದೆ. ನಿಮಗೂ ಗೊತ್ತಿರುವ ದೂರೇ. ಆದರೆ ಇಲ್ಲಿ ಅದಕ್ಕೆ ಇನ್ನೊಂದು ಅರ್ಥ ಇದೆ. ಬೆಟ್ಟದಲ್ಲಿ ಕುರಿ ಕಳ್ಳರು ಬರುವುದು ರಾತ್ರಿ. ಬಂದೂಕು ಹಿಡಿದು ಬರುತ್ತಾರೆ. ಮಂಪರು ಬರುವ ಗುಳಿಗೆ ನುಂಗಿ ಮಲಗಿದರೆ ಬೆಳಿಗ್ಗೆ ದಡ್ಡಿ ಖಾಲಿ. ಅವನ ಜಾಗದಲ್ಲಿ ನಾನಿದ್ದರೂ ಕಲ್ಲಿನ ಸಂದಿಗೇ ಹಾಕುತ್ತಿದ್ದೆ.

2019ರ ನಂತರ ಡೊಲುಟೆಗ್ರಾವಿರ್ ಇರುವ ಹೊಸ ಗುಳಿಗೆ ಟಿಎಲ್‌ಡಿ ಬಂತು. ಬೆಳಿಗ್ಗೆ ನುಂಗಬಹುದು, ಮಂಪರಿಲ್ಲ. ಕ್ಲಿನಿಕ್‌ನವರು ಇನ್ನೇನು ಎಲ್ಲ ಸರಿಹೋಯಿತು ಅಂದರು. ಸರಿಹೋಗಲಿಲ್ಲ. ಹೊಸ ಗುಳಿಗೆ ಬಂದ ವರ್ಷ ನಮ್ಮ ಬೆಟ್ಟದ 41 ಹುಡುಗರಲ್ಲಿ ಹತೋಟಿಗೆ ಬಂದವರು 19. ಹಳೆಯ ಗುಳಿಗೆಯನ್ನು ನಂಬದ ಹುಡುಗ ಹೊಸದನ್ನು ಮಾತ್ರ ಹೇಗೆ ನಂಬಿಯಾನು?

(ಒಂದು ಅಡ್ಡ ಮಾತು. ಆ ಡಬ್ಬಿಗಳಲ್ಲಿ ಬಹಳಷ್ಟು ಬರುವುದು ಭಾರತದಿಂದ. ಒಂದು ದಿನ ಸ್ಟೋರ್ ರೂಮಲ್ಲಿ ಡಬ್ಬಿ ತಿರುಗಿಸಿ ನೋಡಿದರೆ ಸಣ್ಣ ಅಕ್ಷರದಲ್ಲಿ ಆನೇಕಲ್ ತಾಲ್ಲೂಕು, ಬೆಂಗಳೂರು ಅಂತ ಇತ್ತು. ನರ್ಸ್‌ಗೆ ತೋರಿಸಿ "ಇದು ನಮ್ಮ ರಾಜ್ಯದ್ದು" ಅಂದೆ. "ಹಾಗಾದರೆ ಇನ್ನೊಂದು ಸ್ವಲ್ಪ ಸಣ್ಣದು ಮಾಡಕ್ಕೆ ಹೇಳಿ, ಗಂಟಲಿಗೆ ಸಿಕ್ಕಿಕೊಳ್ಳುತ್ತೆ" ಅಂದರು.)

ಜಿಂಬಾಬ್ವೆಯ ಜ್ವಾಂದಿರಿ ಬಗ್ಗೆ ನಿಮ್ಮಲ್ಲಿ ಕೆಲವರು ಓದಿರಬಹುದು. 2004ರಲ್ಲಿ ಹರಾರೆಯಲ್ಲಿ ಒಂದು ಸಣ್ಣ ಗುಂಪಾಗಿ ಶುರುವಾಗಿದ್ದು. ಶೋನಾ ಭಾಷೆಯಲ್ಲಿ ಆ ಹೆಸರಿನ ಅರ್ಥ 'ನಾನು ಇರುವ ಹಾಗೆ'. ಎಚ್‌ಐವಿ ಇರುವ 18ರಿಂದ 24 ವಯಸ್ಸಿನವರನ್ನೇ ತಯಾರು ಮಾಡಿ ಕಿರಿಯರ ಮನೆಗೆ ಕಳಿಸುತ್ತಾರೆ. ಬಿಂದುರಾ, ಶಾಮ್ವಾ ಜಿಲ್ಲೆಗಳ 16 ಕ್ಲಿನಿಕ್‌ಗಳಲ್ಲಿ 96 ವಾರ ನೋಡಿ 2020ರಲ್ಲಿ ಫಲಿತಾಂಶ ಪ್ರಕಟಿಸಿದರು. ಮಾಮೂಲಿ ಕ್ಲಿನಿಕ್‌ಗಳಲ್ಲಿ ವೈರಸ್ ಹತೋಟಿ ತಪ್ಪಿದವರು, ತೀರಿಕೊಂಡವರು ಸೇರಿ ನೂರಕ್ಕೆ 36. ಗೆಳೆಯರ ಬೆಂಬಲ ಇದ್ದ ಕಡೆ 25. ನಾನು ಅದನ್ನು ಎರಡು ಸಲ ಓದಿ ಬದಿಗಿಟ್ಟೆ. ನಮಗೆ ಆಗುವುದಿಲ್ಲ ಅನ್ನಿಸಿತು. ಅಲ್ಲಿಯ ಮಕ್ಕಳಿಗೆ ಮನೆ ಇದೆ, ಊರಿದೆ. ನಮ್ಮ ಹುಡುಗನ ಗುಡಿಸಲಿಗೆ ಕುದುರೆ ಮೇಲೆ ಆರು ತಾಸು.

ದಾರಿ ಸಿಕ್ಕಿದ್ದು ಉಣ್ಣೆ ಕತ್ತರಿಸುವ ಕಾಲದಲ್ಲಿ. ಇಲ್ಲಿ ಮೆರಿನೋ ಕುರಿ ಜಾಸ್ತಿ. ವಸಂತ ಬಂದಾಗ, ಅಂದರೆ ಅಲ್ಲಿಯ ಅಕ್ಟೋಬರ್ ಸುಮಾರಿಗೆ, ಉಣ್ಣೆ ಶೆಡ್‌ಗೆ ಎಲ್ಲ ಹಿಂಡುಗಳೂ ಇಳಿಯುತ್ತವೆ. ಕ್ಲಿನಿಕ್‌ಗೆ ಬಾ ಅಂದರೆ ಬಾರದ ಹುಡುಗ ಅಲ್ಲಿ ತಾನಾಗಿ ಬರುತ್ತಾನೆ, ಮಾಲೀಕನೇ ಕಳಿಸುತ್ತಾನೆ. 2020ರ ಅಕ್ಟೋಬರ್‌ನಲ್ಲಿ ಅಲ್ಲಿ ಸುಮ್ನೆ ನೋಡುತ್ತಾ ನಿಂತಿದ್ದೆ. ಒಬ್ಬ ಹುಡುಗ ಕುರಿಗಳಿಗೆ ಜಂತಿನ ಔಷಧಿ ಕುಡಿಸುತ್ತಿದ್ದ. ಇನ್ನೊಬ್ಬ ಔಷಧಿ ಉಳಿಸಲು ಅರ್ಧರ್ಧ ಹಾಕು ಅಂದ. ಇವನು ಸಿಟ್ಟಾದ. "ಅರ್ಧ ಹಾಕಿದರೆ ಹುಳ ಸಾಯಲ್ಲ, ಗಟ್ಟಿ ಆಗುತ್ತೆ. ಮುಂದಿನ ವರ್ಷ ಪೂರ್ತಿ ಹಾಕಿದರೂ ಕೇಳಲ್ಲ" ಅಂದ.

ನಾನು ಹತ್ತು ವರ್ಷ ಫ್ಲಿಪ್ ಚಾರ್ಟ್ ಹಿಡಿದು ಹೇಳಲು ಒದ್ದಾಡಿದ ಮಾತು ಇದು. ಇವನು ನಮ್ಮ ಪಟ್ಟಿಯಲ್ಲಿದ್ದ ಹುಡುಗ. ಗುಳಿಗೆ ಬಿಟ್ಟು ನಾಲ್ಕು ತಿಂಗಳಾಗಿತ್ತು.

ಸೆಸೂತು ಭಾಷೆಯಲ್ಲಿ ವೈರಸ್‌ಗೆ ಕೋಕ್ವಾನಾ-ಹ್ಲೋಕೋ ಅನ್ನುತ್ತಾರೆ. ಕೋಕ್ವಾನಾ ಅಂದರೆ ಹುಳು ಹುಪ್ಪಟೆ. ಸಂಜೆ ಅವನ ಪಕ್ಕ ಕೂತು ಕೇಳಿದೆ, "ಕುರಿಯ ಹುಳಕ್ಕೆ ಅರ್ಧ ಔಷಧಿ ಬೇಡ ಅಂದೆ. ನಿನ್ನ ಹುಳಕ್ಕೆ?" ಅವನು ಬಹಳ ಹೊತ್ತು ಮಾತಾಡಲಿಲ್ಲ. ಆಮೇಲೆ "ನ್ತಾತೆ, ನನಗೆ ಯಾರೂ ಹಾಗೆ ಹೇಳಿರಲಿಲ್ಲ" ಅಂದ. ನ್ತಾತೆ ಅಂದರೆ ಅಪ್ಪ, ಯಜಮಾನ. ಮೈಸೂರು ಕಡೆಯವರಿಗೆ ತಾತ ಅಂದ ಹಾಗೆ ಕೇಳುತ್ತದೆ. ಮೂವತ್ತೈದಕ್ಕೇ ನನ್ನನ್ನು ಹಾಗೆ ಕರೆಯಲು ಶುರು ಮಾಡಿದ್ದರು.

ಅಲ್ಲಿಂದ ಕೆಲಸ ಬೇರೆ ದಾರಿ ಹಿಡಿಯಿತು. ಅವನ ಜೊತೆ ಇನ್ನೂ ಮೂವರನ್ನು ಆರಿಸಿದೆ. ನಾಲ್ವರೂ ಎಚ್‌ಐವಿ ಇರುವವರೇ, 19ರಿಂದ 23 ವಯಸ್ಸು. ಕುರಿ ವೈದ್ಯದ ಬಗ್ಗೆ ನಾಲ್ಕು ದಿನ ಪಶು ಇಲಾಖೆಯವರಿಂದ ಕಲಿಸಿದೆ. ಹುಳಕ್ಕೆ ಎಷ್ಟು, ಕಜ್ಜಿಗೆ ಏನು, ಮರಿ ಅಡ್ಡ ಸಿಕ್ಕರೆ ಏನು ಮಾಡಬೇಕು. ಊರಿನವರ ಕಣ್ಣಿಗೆ ಇವರು ಕುರಿ ಔಷಧಿ ಹುಡುಗರು. ಯಾವ ಮೊತೆಬೋಗೆ ಹೋದರೂ ಯಾಕೆ ಬಂದೆ ಅಂತ ಯಾರೂ ಕೇಳುವುದಿಲ್ಲ, ಬಾ ಬಾ ಅನ್ನುತ್ತಾರೆ. ಎಲ್ಲ ಕುರಿಗಳನ್ನೂ ನೋಡುತ್ತಾರೆ, ಎಲ್ಲ ಹುಡುಗರ ಜೊತೆಯೂ ಕೂರುತ್ತಾರೆ. ಅದರಲ್ಲಿ ಯಾರ ಜೊತೆ ಏನು ಮಾತಾಡಿದರು ಅನ್ನುವುದು ಅವರಿಗೆ ಮಾತ್ರ ಗೊತ್ತು. ಇದಕ್ಕೆ ಸಂಸ್ಥೆಯೊಳಗೇ ವಿರೋಧ ಬಂತು. "ನಾವು ಎಚ್‌ಐವಿ ಸಂಸ್ಥೆ, ಪಶು ಆಸ್ಪತ್ರೆ ಅಲ್ಲ" ಅಂದರು. ದಾನಿಗಳು ಆ ಬಾಬ್ತಿಗೆ ಕಾಸು ಕೊಡಲಿಲ್ಲ. ಮೊದಲ ಆರು ತಿಂಗಳು ನನ್ನ ಜೇಬಿಂದ 22,000 ಮಲೋತಿ ಹೋಯಿತು. ಕುದುರೆ ಬಾಡಿಗೆಯೇ ದಿನಕ್ಕೆ 150. ಹೆಂಡತಿ ಲೆಕ್ಕದ ಟೀಚರ್, ಒಂದು ಹಾಳೆಯಲ್ಲಿ ಬರೆದು ಅಡುಗೆಮನೆ ಗೋಡೆಗೆ ಅಂಟಿಸಿದಳು.

ಗುಳಿಗೆ ಯಾವಾಗ ನುಂಗಬೇಕು? ಗಡಿಯಾರ ಬಿಟ್ಟೆವು. ನಮ್ಮಜ್ಜ ಬೆಳಿಗ್ಗೆ ದಡ್ಡಿಯ ಬಾಗಿಲಲ್ಲಿ ನಿಂತು ಕುರಿಗಳನ್ನು ಒಂದೊಂದಾಗಿ ಬಿಟ್ಟು ಎಣಿಸುತ್ತಿದ್ದರು. ಎಣಿಕೆ ಮುಗಿಯುವವರೆಗೆ ನೀರೂ ಕುಡಿಯುತ್ತಿರಲಿಲ್ಲ. ಮುಗಿದ ಮೇಲೆ ಸೊಂಟದಿಂದ ಎಲೆ ಅಡಿಕೆ ಚೀಲ ಬಿಚ್ಚುತ್ತಿದ್ದರು. ಇಲ್ಲಿಯ ಹುಡುಗರೂ ಹಾಗೇ ಎಣಿಸುತ್ತಾರೆ. ಎಣಿಸದೆ ಒಂದು ದಿನವೂ ಕುರಿ ಬಿಡುವುದಿಲ್ಲ. ಮಳೆ, ಹಿಮ, ಜ್ವರ, ಏನಿದ್ದರೂ. ಅದಕ್ಕೇ ಗಂಟು ಹಾಕಿದೆವು. ಕೊನೆಯ ಕುರಿ ಹೊರಗೆ, ಗುಳಿಗೆ ಒಳಗೆ. ಇಷ್ಟೇ ನಿಯಮ. ಕೆಲವರು ಎಣಿಕೆಗೆ ಒಂದು ಸೇರಿಸಿಯೇ ಹೇಳಲು ಶುರು ಮಾಡಿದರು. 84 ಕುರಿ ಇದ್ದರೆ ಕೊನೆಗೆ 85 ಅಂತ ಹೇಳಿ ಗುಳಿಗೆ ನುಂಗುವುದು. ಇದು ನನ್ನ ಐಡಿಯಾ ಅಲ್ಲ, ಅವರದ್ದೇ. ನಾನಾದರೆ ಚಾರ್ಟ್ ಪ್ರಿಂಟ್ ಮಾಡಿಸುತ್ತಿದ್ದೆ.

ಇನ್ನು ಡಬ್ಬಿ ಸದ್ದು. ಇದನ್ನು ನೀವೆಲ್ಲ ಕಂಡಿದ್ದೀರಿ, ಹಾಸ್ಟೆಲ್ ಮಕ್ಕಳ ಕಥೆಯೂ ಇದೇ ಅಲ್ವಾ? ಪ್ಲಾಸ್ಟಿಕ್ ಡಬ್ಬಿಯೊಳಗೆ ಗುಳಿಗೆ ಗಲಗಲ ಅನ್ನುತ್ತದೆ. ಕುದುರೆ ಮೇಲೆ ಹೋದರಂತೂ ಇವನು ಗುಳಿಗೆ ನುಂಗುವವನು ಅಂತ ಅರ್ಧ ಮೈಲಿ ದೂರಕ್ಕೆ ಗೊತ್ತಾಗುತ್ತದೆ. ಜಿಪ್ ಇರುವ ಸಣ್ಣ ಪೊಟ್ಟಣಕ್ಕೆ ಹಾಕಿ ಕೊಟ್ಟೆ. ಫಾರ್ಮಸಿ ಅಕ್ಕ ಬೇಡ ಅಂದಿದ್ದರು, ಟಿಎಲ್‌ಡಿಗೆ ತೇವ ತಾಗಬಾರದು, ಅದರ ಡಬ್ಬಿಯಲ್ಲೇ ಇರಬೇಕು ಅಂತ. ಕೇಳಲಿಲ್ಲ. ಎರಡು ವಾರಕ್ಕೆ ಗುಡಿಸಲ ಹೊಗೆ, ತೇವ ಎಲ್ಲ ಕುಡಿದು ಗುಳಿಗೆ ಮೇಲೆ ಕಲೆ ಬಂತು. 200 ಗುಳಿಗೆ ದಂಡ. ಅಕ್ಕನ ಹತ್ತಿರ ಬೈಸಿಕೊಂಡೆ. ಮತ್ತೆ ಡಬ್ಬಿಗೇ ಬಂದೆವು, ಒಳಗೆ ಹತ್ತಿ ತುರುಕಿ ನೋಡಿದೆವು. ಹುಡುಗರು ಹತ್ತಿಯನ್ನು ಮೂರೇ ದಿನದಲ್ಲಿ ಕಳೆದರು.

ಕೊನೆಗೆ ಗೆದ್ದದ್ದು ಕಾಲ್ಚೀಲ. ಲೆಸೊಥೊದಲ್ಲಿ ಅಂಗೋರಾ ಮೇಕೆ ಬಹಳ. ಅದರ ಕೂದಲು ಮೊಹೇರ್. ಅಜ್ಜಿಯರು ಕೂತಲ್ಲೇ ನೂತು ಹೆಣೆಯುತ್ತಾರೆ. ಒಬ್ಬ ಅಜ್ಜಿಗೆ ಡಬ್ಬಿ ಕೊಟ್ಟು "ಇದಕ್ಕೊಂದು ಕಾಲ್ಚೀಲ ಹೆಣೆದುಕೊಡಿ" ಅಂದೆ. ದಪ್ಪಗೆ, ಬಿಗಿಯಾಗಿ, ಮೇಲೆ ದಾರ ಎಳೆದು ಮುಚ್ಚುವ ಹಾಗೆ ಹೆಣೆದರು. 90 ಗುಳಿಗೆಯ ಡಬ್ಬಿ ಅದರೊಳಗೆ ಕೂತರೆ ನೋಡಿದವರಿಗೆ ಮಡಚಿಟ್ಟ ಕಾಲ್ಚೀಲ ಅಷ್ಟೇ. ಸದ್ದು ಮುಕ್ಕಾಲು ಪಾಲು ಹೋಯಿತು. ಉಳಿದ ಕಾಲು ಪಾಲು ಸದ್ದಿಗೆ ಹೆಣಿಗೆಯ ಒಳಗೆ ಒಂದು ಕೆಲಸ ಇದೆ. ಅದನ್ನು ಬರೆಯುವುದಿಲ್ಲ. ಅಜ್ಜಿಯರು ಬೇರೆ ಜಿಲ್ಲೆಗೂ ಮಾರಬೇಕು ಅಂತಿದ್ದಾರೆ, ಅವರ ಹೊಟ್ಟೆ ಮೇಲೆ ಯಾಕೆ ಹೊಡೆಯಲಿ? ಒಂದಕ್ಕೆ 25 ಮಲೋತಿ. ನಾನು 18,000 ಸುರಿದ ಫೋನುಗಳ ಎದುರು 25ರ ಕಾಲ್ಚೀಲ.

ಔಷಧಿ ಕೊಡುವುದನ್ನು ಕುರಿಯ ಕ್ಯಾಲೆಂಡರ್‌ಗೆ ಹೊಂದಿಸಿದೆವು. ಉಣ್ಣೆ ಕತ್ತರಿಸುವಾಗ ಒಂದು ಸಲ, ಚಳಿಗೆ ಹಿಂಡು ಕೆಳಗಿಳಿದಾಗ ಒಂದು ಸಲ. ಕೋವಿಡ್ ಬಂದ ಮೇಲೆ ಆರು ತಿಂಗಳ ಔಷಧಿ ಒಟ್ಟಿಗೆ ಕೊಡಲು ಕ್ಲಿನಿಕ್‌ನವರು ತಕರಾರು ಮಾಡುವುದು ಬಿಟ್ಟಿದ್ದರು. ಅದು ನಮಗೆ ಅದೃಷ್ಟ. ರಕ್ತ ತೆಗೆಯುವುದೂ ಅದೇ ಶೆಡ್‌ನ ಹಿಂದಿನ ಕೋಣೆಯಲ್ಲಿ, ಉಣ್ಣೆ ಮೂಟೆಗಳ ನಡುವೆ. ಲ್ಯಾಬ್‌ಗೆ ಸ್ಯಾಂಪಲ್ ಒಯ್ಯುವ ಬೈಕ್ ಹುಡುಗನಿಗೆ ಕುರಿ ಅಂದರೆ ಭಯ. ಅವನನ್ನು ಒಳಗೆ ಕರೆಸಲು ಪ್ರತಿ ಸಲ ಹತ್ತು ನಿಮಿಷ.

ಕುರಿ ಔಷಧಿ ಹುಡುಗರಿಗೆ ಸಂಬಳದ್ದು ದೊಡ್ಡ ಕಥೆ. ಮೊದಲು ತಿಂಗಳಿಗೆ 600 ಮಲೋತಿ ನಗದು ಕೊಟ್ಟೆವು. ಒಬ್ಬನ ದುಡ್ಡನ್ನು ಚಿಕ್ಕಪ್ಪ ಕಿತ್ತುಕೊಂಡ. ಇನ್ನೊಬ್ಬ ಕುಡಿದ. ನಾಲ್ವರಲ್ಲಿ ಬಲು ಚುರುಕಾದವನು ಕೈಯಲ್ಲಿ ಕಾಸು ಸೇರಿದ ಕೂಡಲೇ ಗಡಿ ದಾಟಿ ದಕ್ಷಿಣ ಆಫ್ರಿಕಾದ ಮುಚ್ಚಿದ ಚಿನ್ನದ ಗಣಿಗಳಿಗೆ ಹೋದ. ಇವತ್ತಿನವರೆಗೆ ಸುದ್ದಿ ಇಲ್ಲ. ಉಳಿದವರನ್ನು ಕೂರಿಸಿ ಕೇಳಿದೆ. ಅವರು ಹೇಳಿದರು, "ನಮಗೆ ಕುರಿ ಕೊಡಿ". ವರ್ಷಕ್ಕೆ ಎರಡು ಹೆಣ್ಣು ಕುರಿ, ತಿಂಗಳಿಗೆ 200 ಕೈಖರ್ಚಿಗೆ. ಒಂದು ಕುರಿ ಆಗ 1,500 ಆಸುಪಾಸು. ಲೆಕ್ಕ ಹಾಕಿದರೆ ನಗದಿಗಿಂತ ನಮಗೆ ಕಡಿಮೆಯೇ ಬಿತ್ತು, ಅವರಿಗೆ ಮರಿ ಸೇರಿ ಜಾಸ್ತಿ ಆಯಿತು. ಕುರಿ ಕೊಟ್ಟರೆ ಹುಡುಗ ಊರು ಬಿಡುವುದಿಲ್ಲ. ಆಡಿಟರ್‌ಗೆ ಮಾತ್ರ ಇದನ್ನು ಅರ್ಥ ಮಾಡಿಸಲು ಒಂದು ವರ್ಷ ಹಿಡಿಯಿತು. "ಸಿಬ್ಬಂದಿ ಭತ್ಯೆ: ಕುರಿ" ಅಂತ ಅವರ ಕಂಪ್ಯೂಟರಲ್ಲಿ ಜಾಗ ಇರಲಿಲ್ಲ.

ಎಲ್ಲರ ಕುರಿ ಸೇರಿಸಿ ಒಂದು ಹಿಂಡು ಮಾಡಿದೆವು, ಸಂಸ್ಥೆಯಿಂದ ಹತ್ತು ಹಾಕಿದೆವು. 2022ರಲ್ಲಿ ಒಂದೇ ರಾತ್ರಿ 9 ಕುರಿ ಕಳುವಾದವು. ನನಗಿಂತ ಹುಡುಗರೇ ಜಾಸ್ತಿ ಸಮಾಧಾನವಾಗಿದ್ದರು. ಆ ಬೆಳಿಗ್ಗೆಯೂ ಎಣಿಸಿದರು, 9 ಕಡಿಮೆ ಅಂದರು, ಗುಳಿಗೆ ನುಂಗಿದರು, ಆಮೇಲೆ ಹುಡುಕಲು ಹೊರಟರು. ನಮ್ಮ ಕೆಲಸ ಬೇರು ಬಿಟ್ಟಿದೆ ಅಂತ ನನಗೆ ಮೊದಲು ಅನ್ನಿಸಿದ್ದು ಆಗ. ಕುರಿ ಸಿಗಲಿಲ್ಲ.

ಲೆಬೋಲ್ಲೋ ಬಗ್ಗೆ ಒಂದು ಮಾತು. ಹುಡುಗರು ಗಂಡಸರಾಗುವ ದೀಕ್ಷೆ ಅದು. ಊರಿಂದ ದೂರ, ತಿಂಗಳುಗಟ್ಟಲೆ. ಒಳಗಿನದನ್ನು ಹೊರಗಿನವರಿಗೆ ಹೇಳಬಾರದು, ಕ್ಲಿನಿಕ್ ಡಬ್ಬಿ ಹಿಡಿದು ಹೋಗುವ ಜಾಗವೂ ಅಲ್ಲ. ಮೊದಲ ವರ್ಷ ಮೂವರು ಹೋಗಿ ಮೂವರೂ ಗುಳಿಗೆ ಬಿಟ್ಟು ಬಂದರು. ಈಗ ಹೋದವರು ಬಿಡುವುದಿಲ್ಲ. ಅದನ್ನು ಹೇಗೆ ಹೊಂದಿಸಿದೆವು ಅನ್ನುವುದು ಇಬ್ಬರು ಹಿರಿಯರು ಮತ್ತು ನನ್ನ ನಡುವಿನ ಮಾತು. ಬರೆಯಲ್ಲ ಅಂತ ಕೈ ಮೇಲೆ ಕೈ ಇಟ್ಟು ಹೇಳಿದ್ದೇನೆ. ಇಷ್ಟು ಹೇಳಬಹುದು: ಕಾಗದ ತಗೊಂಡು ಹೋಗಬೇಡಿ, ಕೇಳಿಕೊಂಡು ಹೋಗಿ.

ಕೆಲವು ಅಡ್ಡ ಪ್ರಯೋಗಗಳನ್ನೂ ಮಾಡಿದೆ, ಕೆಲಸಕ್ಕೆ ಬಾರದವು. ಮೊರಬರಬಾ ಅಂತ ಒಂದು ಆಟ ಇದೆ. ಚಪ್ಪಡಿ ಕಲ್ಲಿನ ಮೇಲೆ ಗೀರಿ ಆಡುತ್ತಾರೆ. ನೋಡಿದ ತಕ್ಷಣ ಗುರುತು ಹತ್ತಿತು, ನಮ್ಮ ಸಾಲುಮನೆ ಆಟವೇ. ಅಲ್ಲಿ ಒಬ್ಬೊಬ್ಬರಿಗೆ 12 ಕಾಯಿ, ಅವನ್ನು ದನ ಅನ್ನುತ್ತಾರೆ. ಗುಳಿಗೆ ತಪ್ಪಿಸಿದವನಿಗೆ ಆಟದಲ್ಲಿ ಒಂದು ದನ ಕಡಿಮೆ ಅಂತ ನಿಯಮ ಮಾಡಿದೆ. ಆಟವೇ ನಿಂತುಹೋಯಿತು. ಆಟದಲ್ಲಿ ಕೌನ್ಸೆಲಿಂಗ್ ತುರುಕಬಾರದು. ಕೋಲಿನ ಮೇಲೆ ವಾರಕ್ಕೊಂದು ಗೀರು ಹಾಕಿಸಲು ಹೋದೆ. ಆ ಕೋಲು, ಮೊಲಾಮು, ಅಂದರೆ ಅವರ ಮಾನ, ಅದರ ಮೇಲೆ ಯಾರಾದರೂ ಗೀರು ಹಾಕುತ್ತಾರಾ? ಅದೂ ಬಿಟ್ಟೆ.

ಒಂದು ಪ್ರಯೋಗ ಮಾತ್ರ ಗೆದ್ದಿತು, ಅದಕ್ಕೂ ಎಚ್‌ಐವಿಗೂ ಸಂಬಂಧ ಇಲ್ಲ. ಅಲ್ಲಿ ಮಬೆಲೆ ಅಂತ ಬೆಳೆಯುತ್ತಾರೆ, ಜೋಳವೇ. ಹುಳಿ ಗಂಜಿ ಮಾಡುತ್ತಾರೆ, ರೊಟ್ಟಿ ಬಡಿಯುವುದು ಗೊತ್ತಿಲ್ಲ. ಉಣ್ಣೆ ಶೆಡ್ ಹಿಂದೆ ಕಲ್ಲು ಹೂಡಿ, ಬಿಸಿನೀರಲ್ಲಿ ನಾದಿ, ಬಡಿದು ಬೇಯಿಸಿದೆ. ಮೊದಲ ನಾಲ್ಕು ಹರಿದವು, ಅವರ ಹಿಟ್ಟು ನಮ್ಮದಕ್ಕಿಂತ ತರಿ. ಐದನೆಯದು ಉಬ್ಬಿತು. ಹುಡುಗರು ಅದನ್ನು ಮೊರೊಹೋ ಸೊಪ್ಪಿನ ಜೊತೆ ತಿಂದು ಇನ್ನೂ ಬೇಕು ಅಂದರು. ಈಗ ಔಷಧಿ ಕೊಡುವ ದಿನ ಅಂದರೆ ರೊಟ್ಟಿ ದಿನ. ಹಾಜರಾತಿ ಹೆಚ್ಚಿದ್ದು ನನ್ನ ಕೌನ್ಸೆಲಿಂಗ್‌ನಿಂದಲೋ ರೊಟ್ಟಿಯಿಂದಲೋ ಅಂತ ನರ್ಸ್ ಇವತ್ತಿಗೂ ಕಿಚಾಯಿಸುತ್ತಾರೆ.

2025ರ ಜನವರಿಯಲ್ಲಿ ಅಮೆರಿಕ ವಿದೇಶಿ ನೆರವು ತಡೆಹಿಡಿಯಿತು. ಒಂದು ವಾರದಲ್ಲಿ ನಮ್ಮ ಐದು ಜನರಿಗೆ ಕೆಲಸ ಇಲ್ಲ ಅಂತ ಪತ್ರ ಬಂತು. ಅದಕ್ಕೇ ಈಗ ಆರು ಅಂದದ್ದು. ನಮ್ಮ ಕಡೆ ಗುಳಿಗೆ ನಿಲ್ಲಲಿಲ್ಲ, ಗುಳಿಗೆ ಮುಟ್ಟಿಸುವ ಜನ ಮನೆಗೆ ಹೋದರು. ಕ್ಲಿನಿಕ್‌ನಲ್ಲಿ ಕೌನ್ಸೆಲರ್ ಕುರ್ಚಿ ಖಾಲಿ. ಜೀಪಿಗೆ ಡೀಸೆಲ್ ಇಲ್ಲ. ಬೆಟ್ಟದ ಮೇಲೆ ಮಾತ್ರ ಏನೂ ನಿಲ್ಲಲಿಲ್ಲ. ಆ ಹೊತ್ತಿಗೆ ಕುರಿ ಔಷಧಿ ಹುಡುಗರು ಒಂಬತ್ತು ಜನ ಆಗಿದ್ದರು. ಅವರ ಸಂಬಳ ಬೆಟ್ಟದಲ್ಲೇ ಮೇಯುತ್ತಿತ್ತು, ವಾಷಿಂಗ್ಟನ್‌ನಿಂದ ಬರಬೇಕಿರಲಿಲ್ಲ. ಹಿಂಡು ಆಗ ನಲವತ್ತರ ಹತ್ತಿರ. ಕುರಿಗೆ ಎರಡೂವರೆ ಮೂರು ಕಿಲೋ ಉಣ್ಣೆ. ಆ ಸುಗ್ಗಿಯ ಉಣ್ಣೆಯಿಂದ 7,000 ಚಿಲ್ಲರೆ ಬಂದಿತ್ತು. ಅರ್ಧ ಹುಡುಗರಿಗೆ, ಅರ್ಧ ಸಂಸ್ಥೆಗೆ. ಆ ಅರ್ಧದಲ್ಲಿ ಕುದುರೆ ಬಾಡಿಗೆ ಮತ್ತು ಕಾಲ್ಚೀಲ ನಡೆಯಿತು. ದೊಡ್ಡ ಮೊತ್ತ ಅಲ್ಲ, ಆದರೆ ಮೂರು ತಿಂಗಳು ನಮ್ಮ ಕೈಯಲ್ಲಿದ್ದದ್ದು ಅದೊಂದೇ. ಪಶು ಆಸ್ಪತ್ರೆ ಅಲ್ಲ ಅಂದವರಿಗೆ ನಾನು ಏನೂ ಹೇಳಲಿಲ್ಲ. ಉಣ್ಣೆಯ ರಸೀದಿ ಮೇಜಿನ ಮೇಲೆ ಇಟ್ಟು ಬಂದೆ ಅಷ್ಟೇ.

63ರಲ್ಲಿ 54 ಅಂದೆ. ಉಳಿದ ಒಂಬತ್ತು ಜನರ ಬಗ್ಗೆ ಹೇಳದಿದ್ದರೆ ಮೋಸ. ಇಬ್ಬರು ಗಣಿಗೆ ಹೋಗಿ ಬಂದು ಮಾಡುತ್ತಾರೆ, ಎಣಿಸಲು ಅವರಿಗೆ ಕುರಿ ಇಲ್ಲ. ಒಬ್ಬನಿಗೆ ಔಷಧಿ ಬದಲಿಸಬೇಕು, ಟೆಸ್ಟ್ ವರದಿ ಬರಬೇಕಿದೆ. ನಾಲ್ವರಿಗೆ ಇನ್ನೂ ತಮಗೇನಿದೆ ಅಂತ ಸರಿಯಾಗಿ ಗೊತ್ತಿಲ್ಲ, ಅಜ್ಜಿಯರು ಹೇಳಲು ಬಿಡುತ್ತಿಲ್ಲ. ಇನ್ನಿಬ್ಬರು ನನ್ನ ಜೊತೆ ಮಾತಾಡುವುದಿಲ್ಲ. ಹುಡುಗಿಯರಿಗೆ ಈ ದಾರಿ ನಡೆಯುವುದಿಲ್ಲ, ಅವರ ದಿನವೇ ಬೇರೆ. ಅದನ್ನು ನಮ್ಮ ಸಂಸ್ಥೆಯ ಅಕ್ಕಂದಿರು ನೀರು ತರುವ ಹೊತ್ತಿಗೆ ಗಂಟು ಹಾಕಿ ನೋಡುತ್ತಿದ್ದಾರೆ. ಫಲಿತಾಂಶ ಬಂದ ಮೇಲೆ ಅವರೇ ಬರೆಯಲಿ.

ಮುಂದಿನ ಉಣ್ಣೆ ಕಾಲಕ್ಕೆ 140 ಕಾಲ್ಚೀಲ ಬೇಕು ಅಂತ ಹೋದ ವಾರ ಅಜ್ಜಿಯರಿಗೆ ಹೇಳಿ ಕಳಿಸಿದೆ. ಪಕ್ಕದ ಥಾಬಾ-ತ್ಸೆಕಾ ಜಿಲ್ಲೆಯವರೂ ಕೇಳಿದ್ದಾರೆ ಅಂತ ಗೊತ್ತಾಗಿ ದರ 25ರಿಂದ 35ಕ್ಕೆ ಏರಿಸಿದ್ದಾರೆ. ನಾನು 28 ಅಂದೆ. ಒಬ್ಬ ಅಜ್ಜಿ ಅರ್ಧ ಹೆಣೆದಿದ್ದನ್ನು ಸೂಜಿ ಸಮೇತ ಪಕ್ಕಕ್ಕಿಟ್ಟು, ಎದ್ದು ಗಂಜಿ ಕಾಯಿಸಲು ಹೋದರು. ನಾಳೆ ಮತ್ತೆ ಹೋಗಬೇಕು. 32ಕ್ಕೆ ಮುಗಿಯಬಹುದು.